ಉಜ್ಜಬೇಡಿ ಎಂದರೂ ಉಜ್ಜಿದ ಲೆಂಪಿ

ನಮ್ಮಕ್ಕ ಲೆಂಪಿ ಬದುಕಿನ ಅರ್ಧವನ್ನು ಥಂಡರ್ ಬೇ ಎಂಬ ನಮ್ಮೂರಿನ ಆಸ್ಪತ್ರೆಯೊಂದರ ಬಟ್ಟೆ ಒಗೆಯುವ ವಿಭಾಗದಲ್ಲಿ ಕಳೆದವಳು. ಕುದಿಯುವ ನೀರಿಗೂ ಗಟ್ಟಿ ಬ್ರಷ್ಷಿಗೂ ಬಗ್ಗದ ಕೊಳೆ ಈ ಲೋಕದಲ್ಲಿಲ್ಲ ಎಂಬುದು ಅವಳ ನಂಬಿಕೆ. ಚರ್ಚಿಗೆ ಹೋಗುವುದನ್ನು ಒಂದೆರಡು ವಾರ ತಪ್ಪಿಸಿದ್ದುಂಟು, ಶನಿವಾರ ನೆಲ ತಿಕ್ಕುವುದನ್ನು ತಪ್ಪಿಸಿದ್ದನ್ನು ನಾನು ಕಂಡಿಲ್ಲ.

ಗಂಡ ತೀರಿಹೋಗಿ ಬಹಳ ವರ್ಷಗಳಾದ ಮೇಲೆ, ಅರವತ್ತು ದಾಟಿದ ವಯಸ್ಸಿನಲ್ಲಿ, ಅವಳು ಟೌನೊ ಎಂಬುವನನ್ನು ಮದುವೆಯಾಗಲು ಹೊರಟಳು. ಟೌನೊ ನಮ್ಮ ಚರ್ಚಿನ ಹಾಡುಗಾರರ ಗುಂಪಿನವನು. ದನಿ ದೊಡ್ಡದು, ರಾಗ ಮಾತ್ರ ಯಾವಾಗಲೂ ಒಂದು ಹೆಜ್ಜೆ ಹಿಂದೆ. ಅವನ ಹಿಂದೆ ನಿಂತು ಹಾಡುತ್ತಿದ್ದ ಲೆಂಪಿ ಅವನ ಬೆನ್ನಿಗೆ ತಿವಿದು ತಿವಿದು ರಾಗಕ್ಕೆ ತರುತ್ತಿದ್ದಳು. ಆ ತಿವಿತವೇ ಮದುವೆಯವರೆಗೆ ಬಂತು.

ಎಲ್ಲರಿಗೂ ಸಂತೋಷವಾಯಿತು, ಟೌನೊನ ಮಗಳು ಮೆರ್ಯಾಳಿಗೆ ಎಷ್ಟು ಸಂತೋಷವಾಯಿತೆಂಬುದು ಮಾತ್ರ ತಿಳಿಯಲಿಲ್ಲ. ಊರಿನ ಪೇಟೆ ಬೀದಿಯಲ್ಲಿ ಅವಳದೊಂದು ಸ್ವಂತ ಪಾರ್ಲರ್ ಇದೆ. ಮುಖದ ಆರೈಕೆಯಲ್ಲಿ ಒಳ್ಳೆಯ ಹೆಸರು. ತಾಯಿ ಐಲಾ ಸತ್ತು ನಾಲ್ಕು ವರ್ಷವಾಗಿತ್ತು. ಲೆಂಪಿಯನ್ನು ಕಂಡಾಗಲೆಲ್ಲ "ಚೆನ್ನಾಗಿದ್ದೀರಾ, ಮಿಸೆಸ್ ಹಕಲಾ?" ಎಂದು ನಗುತ್ತಿದ್ದಳು. ಅಷ್ಟೇ. ಮನೆಗೆ ಕರೆದರೆ ಏನಾದರೊಂದು ಕೆಲಸ ಇರುತ್ತಿತ್ತು.

ಹಾಗಿದ್ದವಳು ಜೂನ್ ತಿಂಗಳಲ್ಲಿ, ಮದುವೆಗೆ ಇನ್ನೂ ಎರಡು ವಾರ ಇರುವಾಗ, ತಾನಾಗಿಯೇ ಫೋನ್ ಮಾಡಿದಳು. ಆಗ ನಾನು ಲೆಂಪಿಯ ಅಡುಗೆಮನೆಯಲ್ಲೇ ಕಾಫಿ ಕುಡಿಯುತ್ತಿದ್ದೆ. ಅಕ್ಕನ ಕೈಯಲ್ಲಿ ಹಿಟ್ಟು, ಹಾಗಾಗಿ ಫೋನ್ ಮೇಜಿನ ಮೇಲೆ ಜೋರಾಗಿ ಮಾತಾಡುತ್ತಿತ್ತು.

"ಮದುವೆಗೆ ನನ್ನ ಕಡೆಯಿಂದ ನಿಮ್ಗೊಂದು ಫೇಶಿಯಲ್ ಮಾಡ್ತೀನಿ. ಮದುವೆ ವಾರದ ಮಂಗಳವಾರ ಬನ್ನಿ," ಎಂದಳು ಮೆರ್ಯಾ. "ಆದ್ರೆ ಅಲ್ಲೀವರ್ಗೂ ಮುಖಕ್ಕೆ ಏನೂ ಹಾಕಿ ಉಜ್ಜಬೇಡಿ. ಕೂದಲು ಕೀಳಿಸ್ಬೇಡಿ. ರಾತ್ರಿ ಹಚ್ಚೋ ಸುಕ್ಕಿನ ಕ್ರೀಮ್ ಇದ್ರೆ ಈಗ್ಲೇ ನಿಲ್ಸಿ. ಬಿಸಿಲಿಗೆ ಹೋದ್ರೆ ಟೋಪಿ ಹಾಕ್ಕೊಳ್ಳಿ. ಅದ್ರ ಹಿಂದಿನ ಎರಡು ದಿನ ಸೌನಾಕ್ಕೆ ಹೋಗಿ ಹಬೆ ತಗೊಳ್ಳೋದು ಬೇಡ. ಚೆನ್ನಾಗಿ ನೀರು ಕುಡೀರಿ, ಮೇಕಪ್ ಇಲ್ದೆ ಬನ್ನಿ. ಅಷ್ಟೇ, ಬೇರೇನೂ ಮಾಡ್ಬೇಡಿ."

"ಆಗ್ಲಮ್ಮ, ಆಗ್ಲಿ," ಎಂದಳು ಲೆಂಪಿ. ಅವಳಿಗೆ ಇಷ್ಟು ಮೆತ್ತಗೆ ಮಾತಾಡಲು ಬರುತ್ತದೆಂದು ನನಗೆ ಗೊತ್ತೇ ಇರಲಿಲ್ಲ.

ಫೋನ್ ಇಟ್ಟಮೇಲೆ ಕೈಯ ಹಿಟ್ಟನ್ನು ಕೊಡವಿಕೊಂಡು ನನ್ನ ಕಡೆ ತಿರುಗಿದಳು. "ಕೇಳಿಸ್ಕೊಂಡ್ಯಾ? ಎಷ್ಟು ಮರ್ಯಾದೆಯ ಹುಡುಗಿ ನೋಡು."

"ಮರ್ಯಾದೆ ಎಲ್ಲಿ ಬಂತೇ? ಏನೂ ಮಾಡ್ಬೇಡಿ ಅಂದ್ಲು."

"ಅದೇ ಮರ್ಯಾದೆ! ನಾವು ಯಾರದಾದ್ರೂ ಮನೆಗೆ ಹೋಗೋಕ್ ಮುಂಚೆ ಏನಂತೀವಿ? ಏನೂ ಮಾಡ್ಬೇಡಿ, ಬರೀ ಕಾಫಿ ಸಾಕು ಅಂತೀವಿ. ಹಂಗಂತ ಅವರು ಬರೀ ಕಾಫಿ ಇಟ್ರೆ ಮುಂದೆ ಆ ಮನೆ ಹೊಸ್ತಿಲು ತುಳೀತೀವಾ?"

"ಅಕ್ಕಾ, ಇದು ಮುಖ ಕಣೇ, ಮನೆ ಜಗಲಿ ಅಲ್ಲ."

"ನಿಂಗೊತ್ತಾಗಲ್ಲ ಸುಮ್ನಿರು."

ಮೊದಲ ವಾರ ಅವಳು ಹೇಗೋ ತಡೆದುಕೊಂಡಳು. ಟೋಪಿ ಹಾಕಿಕೊಂಡಳು, ನೀರು ಕುಡಿದಳು, ಆ ಸುಕ್ಕಿನ ಕ್ರೀಮ್ ಡಬ್ಬಿಯನ್ನು ನನಗೇ ಕೊಟ್ಟುಬಿಟ್ಟಳು. "ನಿಂಗೆ ಹೆಚ್ಚು ಬೇಕಾಗುತ್ತೆ," ಎಂಬ ಮಾತನ್ನೂ ಜೊತೆಗೆ ಕೊಟ್ಟಳು. ಆದರೆ ಮಂಗಳವಾರ ಹತ್ತಿರವಾದಂತೆ ಅವಳ ಕೈ ತುರಿಸತೊಡಗಿತು.

ಭಾನುವಾರ ನಾವೆಲ್ಲ ಕೆರೆಯ ದಡದ ಟೌನೊನ ಬಿಡಾರದಲ್ಲಿದ್ದೆವು. ಬರ್ಚ್ ಮರಗಳು ಹೊಸ ಎಲೆ ಬಿಟ್ಟಿದ್ದವು. ಟೌನೊ ಹಬೆಸ್ನಾನದ ಕೋಣೆಯಾದ ಸೌನಾದ ಒಲೆಗೆ ಕಟ್ಟಿಗೆ ತುಂಬಿ ದಡದ ಹಲಗೆಯ ಮೇಲೆ ಮೀನಿನ ಗಾಳ ಹಿಡಿದು ಕೂತಿದ್ದ. ನಾನು ಒಳಗೆ ಹೋಗಿ ನೋಡಿದರೆ ಲೆಂಪಿ ಕನ್ನಡಿಯ ಮುಂದೆ ನಿಂತಿದ್ದಾಳೆ. ಎದುರಿಗೆ ಒಂದು ಬಟ್ಟಲು. ಅದರಲ್ಲಿ ಓಟ್ಸು, ಜೇನು, ಮೀನಿಗೆ ಹಾಕುವ ಕಲ್ಲುಪ್ಪು. ಮೇಲ್ದುಟಿಯ ಮೇಲೆ ಆಗಲೇ ಕೆಂಪಗೆ ಒಂದು ಪಟ್ಟೆ. ಔಷಧಿ ಅಂಗಡಿಯಿಂದ ವ್ಯಾಕ್ಸ್ ಪಟ್ಟಿ ತಂದು ಮೀಸೆಯ ಕೂದಲನ್ನು ಕಿತ್ತಿದ್ದಳು.

"ಏನೇ ಇದು! ಅವಳು ಬೇಡ ಅಂದಿದ್ಲಲ್ಲ!"

"ಅವಳು ದೀಪ ಹಾಕ್ಕೊಂಡು, ಭೂತಗನ್ನಡಿ ಇಟ್ಕೊಂಡು ನೋಡ್ತಾಳಂತೆ ಕಣೇ. ಆ ಮೀಸೆ ಇಟ್ಕೊಂಡು ಹೋಗ್ಲಾ? ಅಪ್ಪ ಗಂಡಸನ್ನ ಮದ್ವೆ ಆಗ್ತಿದಾನೆ ಅಂದ್ಕೊಳ್ಳಲ್ವಾ?"

ಎಂದವಳೇ ಬಟ್ಟಲಿಗೆ ಕೈ ಹಾಕಿ ಕೆನ್ನೆ ತಿಕ್ಕಲು ಶುರುಮಾಡಿದಳು. ನಾನು ಬಹಳ ಕಡೆ ನೆಲ ತಿಕ್ಕುವುದನ್ನು ನೋಡಿದ್ದೇನೆ, ಆದರೆ ನೆಲಕ್ಕೆ ಬಾಯಿಲ್ಲ. ಲೆಂಪಿ "ಹಾ, ಹೂ, ಉರಿ ಉರಿ" ಎನ್ನುತ್ತಲೇ ತಿಕ್ಕಿದಳು. ಅದು ಸಾಲದೆಂದು ನೇರವಾಗಿ ಸೌನಾಕ್ಕೆ ಹೋದಳು. ಮೇಲಿನ ಮೆಟ್ಟಿಲ ಮೇಲೆ ಕೂತು, ಕಲ್ಲುಗಳ ಮೇಲೆ ನೀರು ಸುರಿದು, ಬರ್ಚ್ ಎಲೆಯ ಕಟ್ಟಿನಿಂದ ವಾಡಿಕೆಯಂತೆ ಬೆನ್ನಿಗೆ ಹೊಡೆದುಕೊಳ್ಳಬೇಕಾದವಳು ಮುಖಕ್ಕೇ ಹೊಡೆದುಕೊಂಡಳು.

ಹೊರಗೆ ಬಂದಾಗ ಟೌನೊ ಗಾಳವನ್ನು ಮರೆತು ಅವಳನ್ನೇ ನೋಡಿದ. "ಲೆಂಪಿ, ಯಾರ್ ಜೊತೆ ಜಗಳ ಆಡ್ದೆ?" ಎಂದ.

"ಹೊಳಪು ಬಂದಿದೆ ಅನ್ನು."

"ಹೊಳಪು ಬಂದಿದೆ," ಎಂದ ಟೌನೊ ತಕ್ಷಣ. ಮದುವೆಗೆ ತಕ್ಕವನೇ ಅನ್ನಿಸಿತು ನನಗೆ.

ಸೋಮವಾರ ಬೆಳಗಾಗುವ ಹೊತ್ತಿಗೆ ಆ ಹೊಳಪು ಬೇಯಿಸಿದ ಬೀಟ್‌ರೂಟಿನ ಬಣ್ಣಕ್ಕೆ ತಿರುಗಿತ್ತು. ಮಂಗಳವಾರ ನಾನೇ ಕಾರಿನಲ್ಲಿ ಕರೆದುಕೊಂಡು ಹೋದೆ. ದಾರಿಯುದ್ದಕ್ಕೂ ಲೆಂಪಿ ಕಿಟಕಿ ಇಳಿಸಿ ಗಾಳಿಗೆ ಮುಖ ಒಡ್ಡಿ ಕೂತಿದ್ದಳು.

"ಹೋಗೋಷ್ಟೊತ್ತಿಗೆ ಇಳಿಯುತ್ತೆ ಬಿಡು," ಎನ್ನುತ್ತಿದ್ದಳು.

"ಹೂಂ, ಚಳಿಗಾಲ ಬರೋಷ್ಟೊತ್ತಿಗೆ ಇಳಿಯುತ್ತೆ," ಎಂದೆ.

ಪಾರ್ಲರಿನಲ್ಲಿ ಮೆರ್ಯಾ ಬಾಗಿಲಿಗೇ ಬಂದು ನಿಂತಿದ್ದಳು. ಬಿಳಿ ಅಂಗಿ, ಎತ್ತಿ ಕಟ್ಟಿದ ಕೂದಲು, ಮೇಜಿನ ಮೇಲೆ ಹೂವು ಕೂಡ ಇಟ್ಟಿದ್ದಳು. ಲೆಂಪಿಯನ್ನು ನೋಡಿದವಳ ನಗು ಅರ್ಧಕ್ಕೇ ನಿಂತಿತು. ಕುರ್ಚಿಯಲ್ಲಿ ಒರಗಿಸಿ ದೀಪ ಎಳೆದು ಬಹಳ ಹೊತ್ತು ನೋಡಿದಳು.

"ಏನ್ ಹಾಕಿ ಉಜ್ಜಿದ್ರಿ, ಮಿಸೆಸ್ ಹಕಲಾ?"

"ಏನೂ ಇಲ್ವಲ್ಲ."

ನಾನು ಕೆಮ್ಮಿದೆ.

"ಸ್ವಲ್ಪ ಓಟ್ಸು," ಎಂದಳು ಲೆಂಪಿ.

"ಬರೀ ಓಟ್ಸಾ?"

"ಜೇನು ಇತ್ತು. ಜೇನು ಒಳ್ಳೇದಲ್ವಾ?"

ನಾನು ಮತ್ತೆ ಕೆಮ್ಮಿದೆ.

"ನೀನು ಹೊರಗೆ ಹೋಗೆ ಸಿಲ್ವಿ, ನಿನ್ ಕೆಮ್ಮು ಅಂಟುತ್ತೆ. ಸ್ವಲ್ಪ ಉಪ್ಪು ಕಣಮ್ಮ. ಕಲ್ಲುಪ್ಪು."

"ತುಟಿ ಮೇಲೆ?"

"ಅದು ತಾನಾಗೇ ಬಂತು."

"ಅಂಟುಪಟ್ಟಿ ಹಾಕಿ ಎಳೆದ ಹಾಗಿದೆ."

"ಎಳೆದಾಗ ಬಂತು."

"ಸೌನಾ?"

ಲೆಂಪಿ ಛಾವಣಿ ನೋಡುತ್ತ ಮಲಗಿದಳು. ಕೂದಲಿನಲ್ಲಿ ಸಿಕ್ಕಿಕೊಂಡಿದ್ದ ಒಂದು ಬರ್ಚ್ ಎಲೆಯ ಚೂರನ್ನು ಮೆರ್ಯಾ ಬೆರಳಿನಿಂದ ತೆಗೆದು ಪಕ್ಕದ ತಟ್ಟೆಯಲ್ಲಿಟ್ಟಳು. ಆಮೇಲೆ ದೀಪ ಆರಿಸಿದಳು.

"ಇವತ್ತು ಇದರ ಮೇಲೆ ಫೇಶಿಯಲ್ ಮಾಡೋಕ್ಕಾಗಲ್ಲ," ಎಂದಳು. "ಚರ್ಮದ ಮೇಲ್ಪದರಾನೇ ಎದ್ದು ಬಂದಿದೆ. ನಾನೇನಾದ್ರೂ ಹಚ್ಚಿದ್ರೆ ಶನಿವಾರ ನಿಮ್ಗೆ ಆಸ್ಪತ್ರೇಲಿ ಮದುವೆ ಮಾಡ್ಬೇಕಾಗುತ್ತೆ."

ಅವಳು ತಮಾಷೆಗೇ ಹೇಳಿದ್ದು. ಆದರೆ ಲೆಂಪಿಗೆ ಅದರಲ್ಲಿ 'ಆಗಲ್ಲ' ಎಂಬ ಒಂದೇ ಮಾತು ಕೇಳಿಸಿತು. ಎದ್ದು ಕೂತಳು. ಚಪ್ಪಲಿಗೆ ಕಾಲು ಹುಡುಕುತ್ತ, "ಪರ್ವಾಗಿಲ್ಲಮ್ಮ. ಇಷ್ಟ ಇಲ್ದೇ ಹೋದ್ರೆ ಬಲವಂತ ಇಲ್ಲ. ನಿಮ್ಮಪ್ಪನ ಮಾತಿಗೆ ಕರೆದಿರ್ತೀಯ," ಎಂದಳು.

"ಅಪ್ಪ ಏನೂ ಹೇಳಿಲ್ಲ," ಎಂದಳು ಮೆರ್ಯಾ. ದನಿ ಸ್ವಲ್ಪ ಗಡುಸಾಗಿತ್ತು. "ನಾನೇ ಕರೆದಿದ್ದು. ಏನೂ ಮಾಡ್ಬೇಡಿ ಅಂತ ಅಷ್ಟು ಬಿಡಿಸಿ ಹೇಳಿದ್ದೆ. ಯಾಕ್ ಹಿಂಗ್ ಮಾಡ್ಕೊಂಡ್ರಿ?"

ಲೆಂಪಿ ಇನ್ನೊಂದು ಚಪ್ಪಲಿಯನ್ನು ಹುಡುಕಿದಳು. ಅದು ಸಿಗಲಿಲ್ಲ. ಸಿಗದ ಕೋಪದಲ್ಲೇ ಬಾಯಿಂದ ನಿಜ ಬಿದ್ದುಹೋಯಿತು.

"ನಿಮ್ಮಮ್ಮನ್ನ ನಂಗೆ ಗೊತ್ತಿತ್ತಮ್ಮ. ಎಷ್ಟು ಲಕ್ಷಣವಾಗಿದ್ಲು ಐಲಾ. ಅವಳ ಮುಖ ನೋಡಿ ಬೆಳೆದೋಳು ನೀನು. ನೀನು ಅಷ್ಟು ಹತ್ರದಿಂದ ನೋಡ್ತೀಯ ಅಂದ್ಮೇಲೆ ಈ ಹಳೇ ಮುಖಾನ ಹಂಗೇ ಎತ್ಕೊಂಡು ಹೆಂಗಮ್ಮ ಬರ್ಲಿ?"

ನಾನು ಕಿಟಕಿಯ ಕಡೆ ತಿರುಗಿದೆ. ನಮ್ಮ ಮನೆಗಳಲ್ಲಿ ಇಂಥ ಮಾತನ್ನು ಯಾರೂ ಬಾಯಿಬಿಟ್ಟು ಆಡುವುದಿಲ್ಲ. ಆಡಿದರೆ ಕೇಳಿದವರು ಎಲ್ಲಿ ನೋಡಬೇಕೆಂದು ಯಾರಿಗೂ ಗೊತ್ತಿಲ್ಲ.

ಮೆರ್ಯಾ ಬಗ್ಗಿ ಕುರ್ಚಿಯ ಕೆಳಗಿನಿಂದ ಚಪ್ಪಲಿ ತೆಗೆದಳು. ಕೊಡಲಿಲ್ಲ, ಕೈಯಲ್ಲೇ ಇಟ್ಟುಕೊಂಡಳು.

"ಅಮ್ಮ ಈ ಕುರ್ಚೀಲಿ ಒಂದು ಸಲಾನೂ ಮಲಗ್ಲಿಲ್ಲ," ಎಂದಳು. "ಎಷ್ಟು ಸಲ ಕರೆದೆ. ಮಗಳ ಕೈಲಿ ಸೇವೆ ಮಾಡಿಸ್ಕೊಳ್ಳೋಕೆ ನಾಚ್ಕೆ ಅವಳಿಗೆ. ನಾಳೆ ಬರ್ತೀನಿ, ಬೇಸಿಗೆಗೆ ಬರ್ತೀನಿ ಅಂತಾನೇ ಹೋಗ್ಬಿಟ್ಲು. ನೀವು ಬಂದಿದೀರಲ್ಲ. ಉಪ್ಪು ಹಾಕ್ಕೊಂಡಾದ್ರೂ ಬಂದಿದೀರಲ್ಲ. ಮಲಕ್ಕೊಳ್ಳಿ, ಲೆಂಪಿ."

ಲೆಂಪಿ ತಕ್ಷಣ ಮಲಗಿದಳು. ಇಷ್ಟು ಬೇಗ ಯಾರ ಮಾತನ್ನೂ ಅವಳು ಕೇಳಿದ್ದು ನನಗೆ ನೆನಪಿಲ್ಲ.

ಮೆರ್ಯಾ ಅವಳ ಮುಖಕ್ಕೆ ತಣ್ಣೀರಿನಲ್ಲಿ ಅದ್ದಿ ಹಿಂಡಿದ ಮೆತ್ತನೆಯ ಬಟ್ಟೆ ಹಾಕಿದಳು. ಅದು ಬಿಸಿಯಾದಂತೆ ತೆಗೆದು ಇನ್ನೊಂದು ಹಾಕಿದಳು. ಕೊನೆಗೆ ವಾಸನೆಯಿಲ್ಲದ ಬರಿಯ ಒಂದು ಕ್ರೀಮನ್ನು ತಟ್ಟಿ ತಟ್ಟಿ ಹಚ್ಚಿದಳು. ಅಷ್ಟೇ. ಮುಖದ ತಂಟೆಗೆ ಮತ್ತೆ ಹೋಗಲಿಲ್ಲ. ಕುರ್ಚಿಯ ಪಕ್ಕಕ್ಕೆ ಸ್ಟೂಲ್ ಎಳೆದುಕೊಂಡು ಲೆಂಪಿಯ ಕೈ ಹಿಡಿದಳು. ಸೋಡ, ಸೋಪು, ಕುದಿನೀರು ತಿಂದ ಕೈಗಳು ಅವು. ಗೆಣ್ಣುಗಳು ಊದಿಕೊಂಡಿದ್ದವು, ಬೆರಳ ತುದಿಗಳು ಒಡೆದಿದ್ದವು. ಬೆಚ್ಚಗಿನ ಎಣ್ಣೆ ಹಾಕಿ ಒಂದೊಂದೇ ಬೆರಳನ್ನು ನೀವತೊಡಗಿದಳು.

"ಕೈಗೂ ಏನಾದ್ರೂ ಮಾಡ್ಕೊಂಡ್ ಬಂದಿದೀರಾ?" ಎಂದು ಕೇಳಿದಳು.

"ಕೈ ವಿಷ್ಯ ನೀನು ಹೇಳ್ಲಿಲ್ವಲ್ಲ," ಎಂದಳು ಲೆಂಪಿ ಕಣ್ಣು ಮುಚ್ಚಿಕೊಂಡೇ.

"ದೇವ್ರು ದೊಡ್ಡೋನು," ಎಂದಳು ಮೆರ್ಯಾ.

ಎರಡನೆಯ ಕೈಗೆ ಬರುವ ಹೊತ್ತಿಗೆ ಗೊರಕೆ ಶುರುವಾಯಿತು. ಸಣ್ಣ ಗೊರಕೆಯಲ್ಲ, ದೋಣಿಯ ಎಂಜಿನ್ ಚಾಲೂ ಮಾಡಿದಂಥದ್ದು. ಮೆರ್ಯಾ ನನ್ನ ಕಡೆ ನೋಡಿ ಪಿಸುಗುಟ್ಟಿದಳು: "ಅಪ್ಪನಿಗೆ ಗೊತ್ತಾ ಇದು?"

"ನಿಮ್ಮಪ್ಪ ಹಾಡೋದನ್ನ ನಮ್ಮಕ್ಕ ಸಹಿಸ್ಕೊಂಡಿದಾಳಲ್ಲಮ್ಮ. ಲೆಕ್ಕ ಸರಿಹೋಯ್ತು," ಎಂದೆ. ಇಬ್ಬರೂ ಬಾಯಿಗೆ ಕೈ ಅಡ್ಡ ಇಟ್ಟುಕೊಂಡು ನಕ್ಕೆವು.

ಶನಿವಾರದ ಹೊತ್ತಿಗೆ ಕೆಂಪು ಇಳಿದಿತ್ತು, ಆದರೆ ಮೂಗಿನ ಮೇಲಿನ ಚರ್ಮ ಹೊಸ ಆಲೂಗೆಡ್ಡೆಯ ಸಿಪ್ಪೆಯಂತೆ ಸುಲಿಯುತ್ತಿತ್ತು. ಪೌಡರ್ ಹಚ್ಚಲು ಮೆರ್ಯಾ ಬಿಡಲಿಲ್ಲ. ಚರ್ಚಿನ ಹಿಂದಿನ ಕೋಣೆಯಲ್ಲಿ ತಾನೇ ಕೂತು ಆ ತಣ್ಣನೆಯ ಕ್ರೀಮ್ ತಟ್ಟಿದಳು, ಲೆಂಪಿಯ ಕೈ ಮೂಗಿನ ಕಡೆ ಹೋದಾಗಲೆಲ್ಲ ಮಣಿಕಟ್ಟಿಗೆ ಮೆಲ್ಲನೆ ಏಟು ಕೊಟ್ಟಳು. ಮದುಮಗಳು ಹೊರಬಂದಾಗ ಕೆನ್ನೆಗಳಲ್ಲಿ ಇನ್ನೂ ಒಂದಿಷ್ಟು ಕೆಂಪು ಉಳಿದಿತ್ತು. ಹಾಡುಗಾರರ ಗುಂಪಿನ ಮುದುಕಿಯರು "ಈ ವಯಸ್ಸಲ್ಲೂ ಎಷ್ಟು ನಾಚ್ಕೆ ನೋಡ್ರೇ!" ಎಂದು ಕಣ್ಣೊರೆಸಿಕೊಂಡರು. ಯಾರೂ ಅವರನ್ನು ತಿದ್ದಲಿಲ್ಲ. ಟೌನೊ ಅವಳ ಮೂಗಿಗೆ ಮುತ್ತಿಟ್ಟು ತುಟಿ ಒರೆಸಿಕೊಂಡ. ಆ ಫೋಟೋ ಈಗ ಅವರ ಮನೆಯ ಗೋಡೆಯ ಮೇಲಿದೆ.

ನಿಜವಾದ ಫೇಶಿಯಲ್ ಆಗಿದ್ದು ಸೆಪ್ಟೆಂಬರಿನಲ್ಲಿ. ಈ ಸಲ ಮೆರ್ಯಾ ಹೇಳಿದ ಮಾತನ್ನು ಲೆಂಪಿ ಮೀರಲಿಲ್ಲ. ಅದೇ ಮೆರ್ಯಾಳಿಗೆ ಕಷ್ಟವಾಯಿತು. ದಿನಾ ಬೆಳಿಗ್ಗೆ ಫೋನ್: "ಇವತ್ತೂ ಏನೂ ಹಚ್ಚಿಲ್ಲ ಕಣಮ್ಮ." ದಿನಾ ಸಾಯಂಕಾಲ ಇನ್ನೊಂದು: "ಟೌನೊ ಸೌನಾಕ್ಕೆ ಹೋದ, ನಾನು ಬಾಗಿಲಲ್ಲೇ ಕೂತಿದ್ದೆ. ಹಬೆ ಸ್ವಲ್ಪ ತಾಕಿತು. ಪರ್ವಾಗಿಲ್ವಾ?" ಕೊನೆಗೆ ಮೆರ್ಯಾ ಫೋನಿನ ಬದಲು ಸಂಜೆ ಮನೆಗೇ ಬರತೊಡಗಿದಳು. ಮುಖ ನೋಡುವ ನೆಪ. ಏಲಕ್ಕಿ ಬ್ರೆಡ್ಡು ತಿಂದು, ಅಪ್ಪನ ಮೇಲೆ ಇಬ್ಬರೂ ಸೇರಿ ಚಾಡಿ ಹೇಳಿಕೊಂಡು, ಕತ್ತಲಾಗುವ ಮುಂಚೆ ಹೊರಡುತ್ತಿದ್ದಳು.

ಫೇಶಿಯಲ್ ಮುಗಿಸಿ ಹೊರಬಂದ ಲೆಂಪಿಯ ಮುಖ ತೊಳೆದಿಟ್ಟ ಸೇಬಿನ ಹಾಗಿತ್ತು. ಕಾರಿನಲ್ಲಿ ಕೂತು ಕನ್ನಡಿಯನ್ನು ತನ್ನ ಕಡೆ ತಿರುಗಿಸಿಕೊಂಡು, ಈ ಕೆನ್ನೆ ಆ ಕೆನ್ನೆ ನೋಡಿಕೊಂಡಳು.

"ಹೆಂಗಿತ್ತು?" ಎಂದೆ.

"ಚೆನ್ನಾಗಿತ್ತು. ಆದ್ರೆ ಅವಳಿಗೆ ಉಜ್ಜೋಕೆ ಬರಲ್ಲ ಕಣೇ. ಬೆರಳು ತಾಕಿದ್ದೇ ಗೊತ್ತಾಗಲ್ಲ." ಕನ್ನಡಿಯಿಂದ ಕಣ್ಣು ತೆಗೆದು ನನ್ನ ಮುಖವನ್ನು ಬಹಳ ಹತ್ತಿರದಿಂದ, ಕನಿಕರದಿಂದ ನೋಡಿದಳು. "ಮುಂದಿನ ತಿಂಗಳು ನಿಂಗೂ ಹೇಳಿಟ್ಟಿದೀನಿ. ಮುಂಚೆ ಹೆಂಗ್ ತಯಾರಾಗ್ಬೇಕು ಅನ್ನೋದು ಬಹಳ ಮುಖ್ಯ ಸಿಲ್ವಿ. ನಂಗೀಗ ಎಲ್ಲಾ ಗೊತ್ತು, ನಾನು ಹೇಳ್ಕೊಡ್ತೀನಿ."

ಕನ್ನಡಿಯನ್ನು ನನ್ನ ಕಡೆ ತಿರುಗಿಸಿಕೊಂಡು ನಾನು ಕಾರು ಚಾಲೂ ಮಾಡಿದೆ.