ಮೂರನೆಯ ಸಲ

ಟೇಪು ಸುತ್ತುತ್ತಿದೆ, ತಂಗಿ ಸವಿತಾ ಚಾಪೆಯ ಮೇಲೆ, ಅವಳ ಮುಂದೆ ಕಾನ್ಸೆಪ್ಟಾ ಮೇಡಂ ಹರಡಿದ ಆಟಿಕೆಗಳು, ನಾನು ಅವರ ಅಡುಗೆಮನೆ ಬಾಗಿಲಲ್ಲಿ, ಪಾತ್ರೆ ತೊಳೆದ ಒದ್ದೆ ಕೈ ವೇಲಿನಲ್ಲಿ — ನೀನು ಬಾಯಿ ಬಿಟ್ಟರೆ ರೆಕಾರ್ಡಿಂಗ್ ಹಾಳು ಎಂದಿದ್ದಾರೆ. ಟಿವಿ ಜಾಹೀರಾತು ಮಕ್ಕಳಲ್ಲಿ ಎಂಥ ಆಸೆ ಹುಟ್ಟಿಸುತ್ತದೆ ಎಂದು ಮೇಡಂ ಮಣಿಪಾಲದಲ್ಲಿ ಕೂತು ಪುಸ್ತಕ ಬರೆಯುತ್ತಾರೆ, ಅದಕ್ಕೆ ಹತ್ತು ಮಕ್ಕಳನ್ನು ಐದು ವರ್ಷ ನೋಡುತ್ತಾರಂತೆ, ಅಷ್ಟೂ ವರ್ಷ ಶಾಲೆಯ ಖರ್ಚು ಅವರದೇ, ಒಂಬತ್ತು ಮಕ್ಕಳು ಸಿಕ್ಕಾಗಿದೆ, ಹತ್ತನೆಯವಳು ಇವಳು ಆಗದಿದ್ದರೆ ಜೂನಿನಿಂದ ಅವ್ವನ ಜೊತೆ ಮರಳು ಹೊರಲು, ನಾನು ನಾಲ್ಕನೆಯ ತರಗತಿಗೆ ಶಾಲೆ ಬಿಟ್ಟು ಹೊತ್ತ ಹಾಗೆ, ಬುಟ್ಟಿಯ ಅಂಚು ನೆತ್ತಿಗೆ ಒತ್ತುವುದು ಈಗಲೂ ತಿಳಿಯುತ್ತದೆ. ಈ ಗೊಂಬೆ ನೋಡು, ಟಿವಿಯಲ್ಲಿ ಬರ್ತದಲ್ಲ, ನಿನಗೆ ಬೇಕಾ ಮಗೂ, ಮೇಡಂ ಕೇಳುತ್ತಾರೆ. ಬ್ಯಾಡ್ರಿ, ಅಂದಳು. ಅಯ್ಯೋ, ಆ ಬುದ್ಧಿ ಕಲಿಸಿದವಳು ನಾನೇ, ನಮ್ಮ ಕುಷ್ಟಗಿ ಕಡೆ ಪರರ ಮನೆಯಲ್ಲಿ ಏನು ಕೊಟ್ಟರೂ ಎರಡು ಸಲ ಬ್ಯಾಡ ಅನ್ನಬೇಕು, ಮೂರನೆಯ ಸಲ ಕೇಳಿದ ಮೇಲೆ ಕೈ ಚಾಚಬೇಕು, ಹಿರಿಯಡ್ಕದ ಅಂಗಡಿಯವರು ಬಾಳೆಹಣ್ಣು ಕೊಟ್ಟಾಗ ಮೊದಲ ಸಲಕ್ಕೇ ತಕ್ಕೊಂಡಳೆಂದು ತೊಡೆ ಚಿವುಟಿದ್ದೆ, ನೀಲಿಗಟ್ಟಿತ್ತು. ನಿಜವಾಗಿ ಬೇಡವಾ? ಬ್ಯಾಡ್ರಿ. ಎರಡಾಯಿತು, ಇನ್ನೊಂದು ಸಲ ಕೇಳಿ ಮೇಡಂ, ಒಂದೇ ಒಂದು — ಅವಳ ಕಾಲ್ಬೆರಳುಗಳು ಚಾಪೆಯನ್ನು ಕಚ್ಚಿ ಹಿಡಿದದ್ದು ನನಗೆ ಕಾಣುತ್ತದೆ, ಅವರಿಗೆ ಕಾಣುವುದಿಲ್ಲ. ಮೇಡಂ ಕೈಕೆಳಗೆ ಓದುವ ತಿಲಕ್ ನಗುತ್ತಾನೆ, ಇದು ಸನ್ಯಾಸಿ, ಸೀದಾ ಮಠಕ್ಕೆ ಕಳಿಸುವ ಮಾರಾಯ್ರೆ. ಸುಮ್ಮನಿರು ನೀನು, ಎನ್ನುತ್ತಾರೆ ಮೇಡಂ, ಆಸೆಯೇ ಇಲ್ಲದ ಮಗುವನ್ನು ಇಟ್ಟುಕೊಂಡು ನಾನು ಎಂತ ಬರೆಯುವುದು, ಅಲ್ವಾ, ಅವರ ಪೆನ್ನು ಕಾಗದದ ಮೇಲೆ ಬೇಡ ಎಂಬ ಚೌಕದತ್ತ ಇಳಿಯುತ್ತದೆ, ಇನ್ನೇನು ತಾಗಬೇಕು — ಇನ್ನೊಂದ್ ಸಲ ಕೇಳ್ರೀ! ಯಾರು ಕೂಗಿದ್ದು, ನನ್ನದೇ ಗಂಟಲು, ಕೆಲಸಕ್ಕೆ ಬಂದ ಎರಡು ವರ್ಷದಲ್ಲಿ ಈ ಮನೆಯಲ್ಲಿ ಹೂಂ ಬಿಟ್ಟು ಬೇರೆ ಆಡಿದವಳಲ್ಲ, ಮೂರ್ ಸಲ ಕೇಳ್ಬೇಕ್ರಿ, ನಮ್ಮ ಕಡೆ ಹಂಗ. ಮೇಡಂ ಕನ್ನಡಕ ಏರಿಸಿ ನನ್ನನ್ನು ನೋಡಿದರು, ಸರಿ, ಮಗೂ, ಈ ಗೊಂಬೆ ಬೇಕಾ? ಬೇಕು ಅನ್ನು ಸವಿ, ಒಂದು ಸಲ ಅಂದುಬಿಡು. ಅಕ್ಕಗ ಕೊಡ್ರಿ, ಎಂದಳು, ದಿನಾ ಸಂಜಿಗೆ ಅಕ್ಕ ಅದರ ಸುದ್ದಿನ ಹೇಳ್ತಾಳ್ರಿ. ಹೌದು, ನಾವಿರುವ ಶೆಡ್ಡಿನಲ್ಲಿ, ರೊಟ್ಟಿ ಬಡಿಯುತ್ತ, ಅದರ ಕೂದಲು, ಅದರ ಕೆಂಪು ಬೂಟು, ಹತ್ತೊಂಬತ್ತು ವರ್ಷದವಳು ನಾನು, ಮೇಡಂ ಕಪಾಟಿನಲ್ಲಿ ಅದರ ಧೂಳು ಒರೆಸುವಾಗಲೂ ಬಟ್ಟೆಯಿಂದಲ್ಲದೆ ಮುಟ್ಟಿದವಳಲ್ಲ — ತಿಲಕನ ನಗು ನಿಂತಿದೆ, ಮೇಡಂ ಪೆನ್ನು ಬೇಕು ಬೇಡಗಳ ನಡುವೆ ನಿಂತಿದೆ, ಸವಿತಾಳ ಬೆರಳು ನನ್ನ ಕಡೆ, ಇಳಿಸೇ, ಇಳಿಸುವುದಿಲ್ಲ, ಎಲ್ಲರೂ ಅದು ತೋರಿದ ಕಡೆಗೇ, ಆ ಬೆರಳು, ನನ್ನ ಕಡೆ, ಆ ಬೆರಳು