ಬೀಜ ತಂದವಳು

ಎಲ್ಲಿಂದ ಶುರು ಮಾಡಲಿ? ಗಂಗಿಯ ಮದುವೆಯಿಂದ ಮಾಡಿದರೆ ನೀವು ಅವಳ ಪರ ವಹಿಸುತ್ತೀರಿ. ಅವಳು ಆಡಿದ ಸುಳ್ಳಿನಿಂದ ಮಾಡಿದರೆ ಅವಳ ಮುಖವನ್ನೇ ನೋಡುವುದಿಲ್ಲ. ಮೊದಲ ಡ್ರಾಫ್ಟ್ ಹರಿದು ಹಾಕಿದೆ. ಅದರಲ್ಲಿ ಅವಳು ತೀರಾ ಒಳ್ಳೆಯವಳಾಗಿಬಿಟ್ಟಿದ್ದಳು.

೧
ಕುಮಟೆಯ ಹೊಳೆಸಾಲಿನ ಉಪ್ಪುನೀರಿನ ಗದ್ದೆಗಳಲ್ಲಿ ಬೆಳೆಯುವುದು ಕಗ್ಗ ಭತ್ತ. ಆ ಬೀಜ ಊರಿಗೆ ಬಂದ ಕತೆಯನ್ನು ಬಿತ್ತನೆಯ ಹಿಂದಿನ ಮಧ್ಯಾಹ್ನ ಹೇಳುವ ಹಕ್ಕು ಮಾಸ್ತಮ್ಮನ ಮನೆಯದು. ಮಗಳು ಗಂಗಿ ಚಿಕ್ಕವಳಿದ್ದಾಗಿನಿಂದ ಕೇಳಿ ಕೇಳಿ ಪೂರಾ ಬಾಯಿಪಾಠ ಮಾಡಿಕೊಂಡಿದ್ದಳು. ೧೯೫೮ರಲ್ಲಿ ಅವಳನ್ನು ಶಿರಾಲಿಗೆ ಕೊಟ್ಟರು. ಮಾಸ್ತಮ್ಮ ಕತೆಯನ್ನು ಸೊಸೆ ಸುಬ್ಬಿಗೆ ಕಲಿಸತೊಡಗಿದಳು.

"ನಂಗೆ ಪೂರಾ ಬತ್ತದಲೆ ಅವ್ವಿ. ನಂಗೆ ಎಂತಕ್ಕೆ ಕೊಡೂದಿಲ್ಲ?"

"ನೀ ಹೊರಗೆ ಹೋದವ್ಳು. ಕತೆ ಮನೇಲಿ ಇರೂದು."

(ಇಲ್ಲಿ ಗಂಗಿ ಅತ್ತಳು ಎಂದು ಬರೆದಿದ್ದೆ. ಹೊಡೆದುಹಾಕಿದೆ. ಅವಳು ಸುಬ್ಬಿಯ ಮೂಗುತಿ ನೋಡುತ್ತಿದ್ದಳು. ಅದೂ ಅವ್ವಿಯದೇ.)

೨
೧೯೬೩. ಮಾಸ್ತಮ್ಮನಿಗೆ ಲಕ್ವ ಹೊಡೆದು ಮಾತು ನಿಂತಿತ್ತು. ಜಗಲಿಯಲ್ಲಿ ಮಲಗಿಸಿದ್ದರು. ಊರ ಹೆಂಗಸರೆದುರು ಮೊದಲ ಸಲ ಸುಬ್ಬಿಯೇ ಕತೆ ಹೇಳಬೇಕು. ಹೆದರಿಕೆಗೆ ನಡುವೆ ತಡವರಿಸಿ, ಅವ್ವಿಯನ್ನು ನೋಡಲು ಬಂದಿದ್ದ ಗಂಗಿಯತ್ತ ತಿರುಗಿದಳು.

"ಆಗ ಸೆರಗಲ್ಲಿ ಬೀಜ ಕಟ್ಕಂಡು ಬಂದವ್ಳು... ಅತ್ಗೆ, ಯಾರು? ಮಗಳಾ, ಸೊಸೆಯಾ?"

ಸೊಸೆ. ಗಂಗಿಗೆ ಚೆನ್ನಾಗಿ ಗೊತ್ತು.

"ಮಗಳು," ಅಂದಳು.

ಮಾಸ್ತಮ್ಮ ಸರಿಯಿದ್ದ ಕೈಯಿಂದ ನೆಲ ಬಡಿದಳು. ನೀರು ಬೇಕೇನೋ ಅಂದರು ಯಾರೋ. ಗಂಗಿಯೇ ಚೊಂಬು ತಂದು ಹಿಡಿದಳು. ಅವ್ವಿ ತುಟಿ ಬಿಗಿದುಕೊಂಡು ಮಗಳನ್ನೇ ನೋಡಿದಳು. ನೀರು ಗದ್ದದಿಂದ ಕುತ್ತಿಗೆಗೆ ಇಳಿಯಿತು. ಎರಡು ತಿಂಗಳಿಗೆ ತೀರಿಕೊಂಡಳು.

೪
(ಮೂರರಲ್ಲಿ ಗಂಗಿ ತಪ್ಪೊಪ್ಪಿಕೊಂಡಿದ್ದಳು. "ನಾ ಯಾವಾಗ ಹಾಂಗೆ ಅಂದೆ?" ಎಂದು ನನ್ನ ಮೇಲೇ ರೇಗಿದಳು. ತೆಗೆದೆ.)

ಮರುವರ್ಷ ಗಂಗಿ ಕತೆ ಕೇಳಲೆಂದೇ ತವರಿಗೆ ಬಂದಳು. ಸುಬ್ಬಿ ಈಗ ತಡವರಿಸಲಿಲ್ಲ. ಹೊಳೆ ದಾಟಿ ಬಂದ ಮಗಳು, ಒಳಗೆ ಬಾ ಎನ್ನುವವರಿಲ್ಲದೆ ತವರಿನ ಅಂಗಳದಲ್ಲಿ ನಿಂತದ್ದನ್ನು ಹೇಳುವಾಗ ಹೆಂಗಸರೆಲ್ಲ ಕಣ್ಣೊರೆಸಿಕೊಂಡರು. ಗಂಗಿ ಕೊಟ್ಟದ್ದು ಒಂದೇ ಶಬ್ದ. ಉಳಿದದ್ದನ್ನೆಲ್ಲ ಇವಳು ಎಲ್ಲಿಂದ ತಂದಳು? ತನ್ನ ಸುಳ್ಳು ಕೂಡ ಸುಬ್ಬಿಯ ಬಾಯಲ್ಲೇ ಚಂದ!

"ಸಮ ಆತಾ ಅತ್ಗೆ?" ಕೇಳಿದಳು ಸುಬ್ಬಿ.

ಒಂದು ಅಂತ್ಯದಲ್ಲಿ ಗಂಗಿ "ಆತು" ಅನ್ನುತ್ತಾಳೆ, ಕತೆ ಸುಳ್ಳಾಗಿಯೇ ಮೊಮ್ಮಕ್ಕಳಿಗೆ ಹೋಗುತ್ತದೆ. ಇನ್ನೊಂದರಲ್ಲಿ ನಿಜ ಹೇಳಿ, ಮತ್ತೆಂದೂ ತವರಿನ ಮೆಟ್ಟಿಲು ಹತ್ತುವುದಿಲ್ಲ. ಆರಿಸಿಕೊಡಿ ಅಂತೀರಾ? ನನ್ನಿಂದಾಗದು.

ಗಂಗಿ ಬಾಯಿ ತೆರೆದಿದ್ದಾಳೆ. ನಾನು ಪೆನ್ನಿಗೆ ಮುಚ್ಚಳ ಹಾಕುತ್ತಿದ್ದೇನೆ.