ಮೂರು ಬಾಯಿಯ ಬಿಗಿ

ನಾನು ಒಂದು ಬಿಗಿ. ಕೈಗೆ ಸಿಗುವುದಿಲ್ಲ, ಕಣ್ಣಿಗೆ ಕಾಣುವುದಿಲ್ಲ. ಹೊರಳುಸೀಮೆ ಎಂಬ ನಾಡಿನಲ್ಲಿ, ಕೇತಯ್ಯ ಎಂಬ ಪಂಡಿತನ ತಲೆಯೊಳಗೆ ಬರೀ ಒಂದು ಊಹೆಯಾಗಿ ಹುಟ್ಟಿದೆ.

ಆ ಸೀಮೆಯಲ್ಲಿ ಯಾವುದೂ ಇದ್ದ ಹಾಗೆ ಇರುತ್ತಿರಲಿಲ್ಲ. ಬೆಳಿಗ್ಗೆ ಬಾವಿ ಇದ್ದಲ್ಲಿ ಮಧ್ಯಾಹ್ನ ಗುಡ್ಡ. ಒಲೆಯ ಮೇಲಿಟ್ಟ ಅನ್ನ ಇಳಿಸುವಷ್ಟರಲ್ಲಿ ಮರಳು. ಹೀಗಿರುವಾಗ ನಿನಗೆ ಕಂಡದ್ದು ಸರಿಯೋ ನನಗೆ ಕಂಡದ್ದು ಸರಿಯೋ ಎಂದು ಜಗಳಾಡಿ ಯಾರಿಗೇನು ಲಾಭ? ಅದಕ್ಕೇ ಆ ಜನ ಒಂದು ಮರ್ಯಾದೆ ಕಟ್ಟಿಕೊಂಡಿದ್ದರು. ಹಿರಿಯರಾಗಲಿ, ಅತಿಥಿಯಾಗಲಿ, ಉಣ್ಣಲು ಕೊಟ್ಟವರಾಗಲಿ, ಏನು ಕಂಡೆ ಎಂದರೂ "ಹೌದ್ರಿ" ಅನ್ನಬೇಕು. ಇಲ್ಲ ಅಂದವರ ಮನೆಗೆ ಯಾರೂ ಹೆಣ್ಣು ಕೊಡುತ್ತಿರಲಿಲ್ಲ.

ಕೇತಯ್ಯನ ಊಹೆ ಇಷ್ಟೇ. ಮೂರು ಬಾಯಿ ಒಂದರ ಹಿಂದೊಂದು ಒಂದೇ ಮಾತಾಡಿದರೆ ಆ ವಸ್ತು ಹೊರಳುವುದನ್ನು ಬಿಟ್ಟು ಆ ಮಾತಿನಂತೆ ನಿಲ್ಲುತ್ತದೆ. ಮತ್ತೆ ಮೂರು ಬಾಯಿ ಕೂಡಿ ಬೇರೆ ಮಾತಾಡುವ ತನಕ ಅಲುಗುವುದಿಲ್ಲ. ಹಾಗೆ ನಿಲ್ಲಿಸುವುದೇ ನಾನು. ಊಹೆ ನಿಜವೆಂದು ತಿಳಿದ ದಿನ ಅವನು ಹಿಗ್ಗಿ ಹೀರೇಕಾಯಿಯಾಗಿ ಅಡುಗೆಮನೆಗೆ ಓಡಿದ. ಹೆಂಡತಿಗೂ ಅತ್ತೆಗೂ ಎಲ್ಲವನ್ನೂ ಬಿಡಿಸಿ ಹೇಳಿದ.

"ಎಂಥಾ ದಡ್ಡ ಅಳಿಯ ಗಂಟುಬಿದ್ದಾನ ನಮಗ," ಎಂದಳು ಅತ್ತೆ.

"ಹೌದವ್ವ," ಎಂದಳು ಹೆಂಡತಿ. ಹಿರಿಯರ ಮಾತಲ್ಲವೇ, ಕೇತಯ್ಯನೂ "ಹೌದ್ರಿ ಅತ್ತಿ" ಎಂದ. ಮೂರು ಬಾಯಿ ಕೂಡಿದವು, ನಾನು ಬಿಗಿದೆ. ಹೆತ್ತವನೆಂಬ ಮುಲಾಜು ನನಗಿಲ್ಲ. ಪಂಡಿತನ ತುಟಿಯಿಂದ ಜೊಲ್ಲು ಇಳಿಯಿತು. ಅತ್ತೆ ಆಡಿದ ಮಾತು ಹಿಂದೆ ತೆಗೆದುಕೊಳ್ಳುವ ಪೈಕಿಯವಳಲ್ಲ. ಅವನು ಸಾಯುವವರೆಗೂ ಹಾಗೇ ಇದ್ದ.

ಹೆಂಡತಿ ನನ್ನ ಗುಟ್ಟನ್ನು ಊರ ಗೌಡನಿಗೆ ಒಪ್ಪಿಸಿದಳು. ಅಲ್ಲಿಂದ ನನಗೆ ಒಳ್ಳೆಯ ಕಾಲ ಬಂತು. ಗೌಡ ಬಾವಿಯ ಮುಂದೆ ನಿಂತು "ಇದು ಬಾವಿ" ಅನ್ನುತ್ತಿದ್ದ, ಇನ್ನಿಬ್ಬರು ಹೌದೆನ್ನುತ್ತಿದ್ದರು, ನೀರು ನಿಲ್ಲುತ್ತಿತ್ತು. ಮೊದಲ ಬಾಯಿ ಯಾವಾಗಲೂ ಗೌಡನದೇ.

ಆ ಊರಲ್ಲಿ ಸಂಕವ್ವ ಎಂಬ ವಿಧವೆ ಇದ್ದಳು. ಅವಳಿಗೆ ಒಬ್ಬಳೇ ಮಗಳು, ಬೊಮ್ಮಿ. ಈ ಬೊಮ್ಮಿ ಒಮ್ಮೆ ಹುಡುಗಿ, ಒಮ್ಮೆ ಬಿಂದಿಗೆ, ಒಮ್ಮೆ ಕೋಳಿ. ಯಾವ ಕೋಳಿ ಮಗಳೋ ಎಂಬ ಭಯಕ್ಕೆ ಸಂಕವ್ವ ಮಾಂಸವನ್ನೇ ಬಿಟ್ಟಿದ್ದಳು. ಮಗಳು ಹುಡುಗಿಯಾಗಿದ್ದಾಗ ಬಿಗಿಸಬೇಕು, ಅವಳಿಗೆ ಬೇಕಾದದ್ದು ಅಷ್ಟೇ. ಗೌಡನ ಕಾಲಿಗೆ ಬಿದ್ದು ಬಿದ್ದು ಕೊನೆಗೊಂದು ಬೆಳಿಗ್ಗೆ ಅವನನ್ನು ಮನೆಗೆ ಕರೆತಂದಳು. ಪಕ್ಕದ ಮನೆಯ ಕಾಳಕ್ಕನೂ ಬಂದಳು.

ಬೊಮ್ಮಿ ಹುಡುಗಿಯಾಗಿಯೇ ಇದ್ದಳು. ಆದರೆ ಕಾದು ಕಾದು ಸಾಕಾಗಿ ಕಂಬಳಿ ಹೊದ್ದು ನಿದ್ದೆಹೋಗಿದ್ದಳು. ಗೌಡನಿಗೆ ಕಣ್ಣು ಮಂಜು. ಬಗ್ಗಿ ನೋಡಿ ಲೊಚಗುಟ್ಟಿದ.

"ಪಾಪ, ಸತ್ತಾಳಲ್ಲ ಕೂಸು."

"ಹೌದ್ರಿ ಗೌಡ್ರ," ಎಂದಳು ಕಾಳಕ್ಕ.

ಇಬ್ಬರೂ ಸಂಕವ್ವನ ಮುಖ ನೋಡಿದರು. ನಾನೂ ನೋಡಿದೆ. ಅವಳು ಸುಮ್ಮನಿದ್ದಿದ್ದರೂ ಸಾಕಿತ್ತು. ಆದರೆ ತೊಟ್ಟಿಲಿನಿಂದಲೂ ಪಳಗಿದ ನಾಲಗೆ, ಅವಳಿಗಿಂತ ಮೊದಲೇ ಹೊರಳಿತು.

"ಹೌದ್ರಿ."

ನಾನು ಬಿಗಿದೆ. ಕಂಬಳಿ ಏರಿಳಿಯುವುದು ನಿಂತಿತು.

ಅವಳು ಎದೆ ಬಡಿದುಕೊಂಡು ಅತ್ತಳು. ಆಮೇಲೆ, ಕೂಸು ಬದುಕಿದೆ ಅನ್ನು ಎಂದು ಕಾಳಕ್ಕನ ಕೈ ಹಿಡಿದು ಬೇಡಿದಳು.

"ಗೌಡ್ರು ಅಂದದ್ದಕ್ಕ ಇಲ್ಲ ಅನ್ನೂದು ಹೆಂಗ ಸಂಕವ್ವ?" ಎಂದಳು ಕಾಳಕ್ಕ.

ಗೌಡ ಸತ್ತ ಮೇಲಂತೂ ಮುಗಿದೇ ಹೋಯಿತು. ತೀರಿಕೊಂಡ ಹಿರಿಯನ ಮಾತನ್ನು ಸುಳ್ಳು ಮಾಡುವ ಬಾಯಿ ಊರಲ್ಲಿ ಒಂದೂ ಹುಟ್ಟಲಿಲ್ಲ. ನನ್ನ ದೆಸೆಯಿಂದ ಹೆಣ ಕೆಡಲೂ ಇಲ್ಲ. ಇಂಥವೇ ಇನ್ನೂ ನಾಲ್ಕಾರು ಆದ ಮೇಲೆ ಜನ ಮೂವರು ಕೂಡಿ ಮಾತಾಡುವುದನ್ನೇ ಬಿಟ್ಟು ನನ್ನನ್ನು ದೂರವಿಟ್ಟರು. ಬಿಗಿಸುವವರಿಲ್ಲದ ಹೊಸ ಬಾವಿಗಳು ಮತ್ತೆ ಗುಡ್ಡಗಳಾದವು. ಮುದಿಯಾದ ನನಗೆ ಉಳಿದದ್ದು ಸಂಕವ್ವನ ಮನೆಯ ಮೂಲೆ, ಆ ಕಂಬಳಿ.

ಮೊನ್ನೆ ದೂರದೂರಿನ ಇಬ್ಬರು ದಾರಿಹೋಕರು ಬಾಯಾರಿ ಬಂದರು. ಸಂಕವ್ವ ಮಜ್ಜಿಗೆ ಕೊಟ್ಟಳು. ಅವರಲ್ಲೊಬ್ಬ ಒಳಗೆ ಇಣುಕಿ, ಅಲ್ಲಿರುವುದು ಯಾರೆಂದು ಕೇಳಿದ. ಬದುಕಿದ್ದಾಳೆ ಎಂದರೆ ಗೌಡನಿಗೆ ಎದುರಾಡಿದಂತೆ. ಆ ಧೈರ್ಯ ಈಗಲೂ ಅವಳಿಗೆ ಬರಲಿಲ್ಲ. ಮೆತ್ತಗೆ ಒಂದು ಮಾತು ಹುಡುಕಿಕೊಂಡಳು.

"ನನ್ನ ಮಗಳ್ರಿ. ಮಲಗ್ಯಾಳ."

"ಹೌದ್ರಿ, ಮಲಗ್ಯಾಳ," ಎಂದ ಒಬ್ಬ. "ಹೌದ್ರಿ," ಎಂದ ಇನ್ನೊಬ್ಬ. ಕುಡಿದು, ಕೈಮುಗಿದು ಅವರು ತಮ್ಮ ದಾರಿ ಹಿಡಿದರು.

ಕಂಬಳಿ ಮೆಲ್ಲಗೆ ಏರಿತು, ಇಳಿಯಿತು. ಸಂಕವ್ವ ಮಗಳ ಮೂಗಿನ ಹತ್ತಿರ ಕೈಯಿಟ್ಟು ನೋಡಿದಳು. ಎದ್ದು ಒಲೆ ಹಚ್ಚಿ ರೊಟ್ಟಿ ತಟ್ಟಿದಳು. ಬಿಸಿ ರೊಟ್ಟಿ ಹಿಡಿದು ಎಬ್ಬಿಸಿದಳು, ಭುಜ ಅಲುಗಿಸಿದಳು, ಕೆನ್ನೆ ತಟ್ಟಿದಳು. ಮೂರು ಬಾಯಿ ಮಲಗಿದ್ದಾಳೆ ಎಂದ ಮೇಲೆ ಏಳಿಸುವ ಅಧಿಕಾರ ನನಗಿಲ್ಲ. ಅದನ್ನು ಅವಳಿಗೆ ಹೇಳೋಣವೆಂದರೆ ನನಗೆ ಬಾಯಿಯೂ ಇಲ್ಲ.

"ದಣಿದಾಳ. ಮಲಗಲಿ," ಎಂದು ಅವಳು ರೊಟ್ಟಿ ಮುಚ್ಚಿಟ್ಟಳು.